ಗಾಜಿನ ಕಪಾಟಿನಲ್ಲಿ ಒಂದು ಖಾಲಿ ಜಾಗ

ಅಪ್ಪ ಫೋನ್ ಮಾಡಿ ಬೆಳ್ಳಿ ಬಣ್ಣದ ಕ್ಯಾಮೆರಾ ಕೇಳಿದ ಮೇಲೆಯೇ ಅಕ್ಕ ಗಾಜಿನ ಕಪಾಟಿನ ಬೀಗ ತೆಗೆದದ್ದು. ಮೇಲಿನ ಸಾಲಿನ ಎಡತುದಿಯಲ್ಲಿ ಅದು ಇರಲಿಲ್ಲ. ಅದು ಕೂತಿದ್ದ ಕಡೆ ಧೂಳು ಹಿಡಿಯದ ಪುಟ್ಟ ಆಯತವೊಂದು ಉಳಿದಿತ್ತು.

"ಸಿಕ್ತೇನಮ್ಮಾ?" ಫೋನಿನಲ್ಲಿ ಅಪ್ಪ ಕಾಯುತ್ತಿದ್ದರು. "ಕಣ್ಣಿನ ಪಟ್ಟಿ ಬಿಚ್ಚಿದಾರೆ. ಅದರ ಕಿಂಡೀಲಿ ಒಂದ್ಸಲ ನೋಡ್ಬೇಕು. ಬೇರೆ ಕ್ಯಾಮೆರಾದಲ್ಲಿ ನೋಡಿದ್ರೆ ನಂಗೆ ಲೆಕ್ಕಕ್ಕಿಲ್ಲ."

"ಹುಡುಕಿಡ್ತೀನಿ ಅಪ್ಪ. ಭಾನುವಾರ ಇಲ್ಲಿಗೇ ಬರ್ತೀರಲ್ಲ."

ಅಪ್ಪ ಬದುಕಿಡೀ ಕ್ಯಾಮೆರಾ ರಿಪೇರಿ ಮಾಡಿದವರು. ಅಂಗಡಿ ಮುಚ್ಚಿದಾಗ ದೊಡ್ಡ ಕ್ಯಾಮೆರಾಗಳನ್ನೆಲ್ಲ ಕೊಟ್ಟುಬಿಟ್ಟು, ಜೇಬಿನಲ್ಲಿ ಹಿಡಿಸುವಂಥ, ಗುಂಡಿ ಒತ್ತಿದರೆ ಸಾಕು ಉಳಿದದ್ದನ್ನು ತಾವೇ ನೋಡಿಕೊಳ್ಳುವ ಸಣ್ಣ ರೀಲು ಕ್ಯಾಮೆರಾಗಳನ್ನು ಮಾತ್ರ ಮಗಳ ಮನೆಗೆ ತಂದಿದ್ದರು. ಹೆಚ್ಚಿನವು ಪ್ಲಾಸ್ಟಿಕ್ಕಿನವು. ಬೆಳ್ಳಿಯದು ಲೋಹದ್ದು. ಸ್ವಿಚ್ಚು ಒತ್ತಿದರೆ ಅದರ ಲೆನ್ಸು ಆಮೆ ತಲೆ ಚಾಚಿದಂತೆ ಮೆಲ್ಲಗೆ ಹೊರಬರುತ್ತಿತ್ತು. ಅದನ್ನು ಅಪ್ಪ ಮಕ್ಕಳ ಕೈಗೂ ಸುಲಭಕ್ಕೆ ಕೊಟ್ಟವರಲ್ಲ.

ಮೂರು ವಾರದ ಹಿಂದೆ ಅದನ್ನು ಕೈಗೆ ತೆಗೆದುಕೊಂಡವಳು ತಮ್ಮನ ಹೆಂಡತಿ. ಮದುವೆಯಾಗಿ ಮೂರು ವರ್ಷವಾದರೂ ಮನೆಯವರ ಬಾಯಲ್ಲಿ ಅವಳಿನ್ನೂ "ಹೊಸಬಳು". ಅಪ್ಪನನ್ನು ಕಣ್ಣಿನ ಆಪರೇಷನ್ನಿಗೆ ಕರೆದೊಯ್ಯಲು ತಮ್ಮ ಅವಳೊಂದಿಗೆ ಬಂದಿದ್ದ. ಊಟವಾದ ಮೇಲೆ ಅಪ್ಪ ಕಪಾಟು ತೆರೆದು, ಕರಿಯ ಪ್ಲಾಸ್ಟಿಕ್ ಕ್ಯಾಮೆರಾಕ್ಕೆ ಕೈ ಅಂದಾಜಿನಲ್ಲೇ ರೀಲು ಹಾಕಿ ತಮ್ಮನಿಗೆ ಕೊಟ್ಟರು. ಅವನು ಕೂತಲ್ಲೇ ಫ್ಲ್ಯಾಶ್ ಹೊಡೆದೂ ಹೊಡೆದೂ ಇಡೀ ರೀಲು ಮುಗಿಸಿದ. ಅಕ್ಕ ಅಡುಗೆಮನೆಗೂ ಹಜಾರಕ್ಕೂ ಓಡಾಡುತ್ತಿದ್ದಳು. ರೀಲು ಮುಗಿದಾಗ ಅಪ್ಪ ಕಪಾಟಿಗೆ ಬೀಗ ಹಾಕಿ, ಪಕ್ಕದಲ್ಲಿದ್ದ ಅಳಿಯನ ಕೈಗೆ ಕೀಲಿ ಕೊಟ್ಟರು. ಪೊರೆ ಬಂದ ಅವರ ಕಣ್ಣಿಗೆ ಒಳಗೆ ಯಾವುದಿದೆ, ಯಾವುದಿಲ್ಲ ಎಂದು ಕಾಣುವ ಹಾಗಿರಲಿಲ್ಲ.

ಅಕ್ಕ ಹೊಸಬಳಿಗೆ ಫೋನ್ ಮಾಡಿದಳು. ಎದುರಿಗೆ ಗಂಡ ಕಿತ್ತಳೆ ಸುಲಿಯುತ್ತ ಕೂತಿದ್ದ. ಅವನಿಗೂ ಕೇಳಲಿ ಎಂದು ಸ್ಪೀಕರ್ ಹಾಕಿದಳು.

"ಅವತ್ತು ಬೆಳ್ಳಿ ಕ್ಯಾಮೆರಾ ನೀನು ತೆಗ್ದಿದ್ದೆ ಅಲ್ವಾ?"

"ಹೂಂ ಅಕ್ಕ. ಮಾವನ್ನ ಕೇಳ್ಕೊಂಡೇ ತೆಗ್ದೆ. ನೋಡ್ಬಿಟ್ಟು ವಾಪಸ್ ಇಟ್ಟೆ."

"ಎಲ್ಲಿಟ್ಟೆ?"

"ಇದ್ದಲ್ಲೇ. ಮೇಲಿನ ಸಾಲು, ಎಡಗಡೆ ಕೊನೆ. ಯಾಕಕ್ಕ, ಕಾಣಿಸ್ತಿಲ್ವಾ?"

"ಇದೆ, ಇದೆ. ಸುಮ್ನೆ ಕೇಳ್ದೆ."

ಫೋನಿಟ್ಟ ಮೇಲೆ ಗಂಡ ಒಂದು ತೊಳೆ ಬಾಯಿಗೆ ಹಾಕಿಕೊಂಡ. "ಇದ್ದಲ್ಲೇ ಇಟ್ಲಂತೆ. ಹಾಗಾದ್ರೆ ಕ್ಯಾಮೆರಾಕ್ಕೇ ಕಾಲು ಬಂದಿರ್ಬೇಕು."

ಅಕ್ಕನಿಗೂ ಹಾಗೇ ಅನ್ನಿಸಿತ್ತು. ಯಾರಾದರೂ ಕೇಳಿದರೆ "ಅಲ್ಲೇ ಎಲ್ಲೋ ಇಟ್ಟೆ" ಅನ್ನುವುದು ಸಹಜ. ಸಾಲು, ಬದಿ, ಕೊನೆ ಎಲ್ಲವನ್ನೂ ಇಷ್ಟು ನಿಖರವಾಗಿ ಒಪ್ಪಿಸಬೇಕಾದರೆ ಉತ್ತರ ಮೊದಲೇ ತಯಾರಾಗಿರಬೇಕು.

ಆದರೂ ಊಹೆಯ ಮೇಲೆ ತೀರ್ಮಾನಕ್ಕೆ ಬರುವವಳಲ್ಲ ಅವಳು. ಕುಡಿಯುವ ನೀರನ್ನು ಪರೀಕ್ಷಿಸುವ ಪ್ರಯೋಗಾಲಯದಲ್ಲಿ ಅವಳ ಕೆಲಸ. ಸಾಲಾಗಿ ಬಂದ ಬಾಟಲಿಗಳ ಮೇಲಿನ ಸಂಖ್ಯೆಯನ್ನು ನಂಬುವಳೇ ಹೊರತು, ತಂದುಕೊಟ್ಟವನ ಮುಖವನ್ನಲ್ಲ. ಆ ದಿನದ ರೀಲನ್ನು ತಮ್ಮನೇ ಸ್ಟುಡಿಯೋದಲ್ಲಿ ತೊಳೆಸಿ, ನೆಗೆಟಿವ್ ಪಟ್ಟಿಗಳ ಸಮೇತ ಫೋಟೋಗಳನ್ನು ಕಳಿಸಿದ್ದ. ಅವಳು ಭೂತಗನ್ನಡಿ ಹಿಡಿದು, ಪಟ್ಟಿಯ ಅಂಚಿನಲ್ಲಿ ಅಚ್ಚಾದ ಸಂಖ್ಯೆಗಳನ್ನು ಓದಿ, ಒಂದೊಂದು ಫೋಟೋದ ಹಿಂದೆಯೂ ಪೆನ್ಸಿಲಿನಲ್ಲಿ ಬರೆದು, ಒಂದರಿಂದ ಇಪ್ಪತ್ತನಾಲ್ಕರವರೆಗೆ ಊಟದ ಮೇಜಿನ ಮೇಲೆ ಜೋಡಿಸಿದಳು.

ಎಲ್ಲರ ಬೆನ್ನ ಹಿಂದೆ ಕಪಾಟಿತ್ತು. ಹೆಚ್ಚಿನ ಫೋಟೋಗಳಲ್ಲಿ ಫ್ಲ್ಯಾಶು ಗಾಜಿಗೆ ಹೊಡೆದು ಬಿಳಿ ಮಚ್ಚೆಯಾಗಿತ್ತು. ಮೇಲಿನ ಸಾಲು ಸರಿಯಾಗಿ ಕಾಣುತ್ತಿದ್ದದ್ದು ನಾಲ್ಕೇ ಫೋಟೋಗಳಲ್ಲಿ. ನಾಲ್ಕನೆಯದರಲ್ಲೂ ಏಳನೆಯದರಲ್ಲೂ ಬೆಳ್ಳಿ ಕ್ಯಾಮೆರಾ ತನ್ನ ಜಾಗದಲ್ಲಿತ್ತು. ಹದಿನಾರರಲ್ಲಿ ಇರಲಿಲ್ಲ. ಇಪ್ಪತ್ತೊಂದರಲ್ಲೂ ಇರಲಿಲ್ಲ.

ಮೊದಲು ಇತ್ತು, ಆಮೇಲೆ ಇಲ್ಲ. ತೆಗೆದದ್ದು ನಿಜ, ವಾಪಸ್ಸು ಇಟ್ಟದ್ದು ಸುಳ್ಳು.

ಒಂದೇ ಒಂದು ಸಂಗತಿ ಕಣ್ಣಿಗೆ ಕಸ ಬಿದ್ದಂತೆ ಚುಚ್ಚಿತು. ಟೀಪಾಯಿಯ ಮೇಲಿನ ಗಾಜಿನ ಹೂಜಿಯಲ್ಲಿ ನೀರು ನಾಲ್ಕನೆಯ ಫೋಟೋದಲ್ಲಿ ತಳ ಕಂಡಿತ್ತು, ಇಪ್ಪತ್ತೊಂದರಲ್ಲಿ ಕತ್ತಿನವರೆಗೆ ಇತ್ತು. ನಡುವೆ ಯಾರೋ ತುಂಬಿಸಿರಬೇಕು ಎಂದುಕೊಂಡು ಬಿಟ್ಟುಬಿಟ್ಟಳು. ನೀರು ನೋಡುವುದೇ ಹೊಟ್ಟೆಪಾಡಾದವಳು ನೀರನ್ನೇ ಬಿಟ್ಟುಬಿಟ್ಟಳು.

ಗಂಡ ಭೂತಗನ್ನಡಿ ತೆಗೆದುಕೊಂಡು ನಾಲ್ಕೂ ಫೋಟೋ ನೋಡಿದ. "ಫೋಟೋ ಸುಳ್ಳು ಹೇಳಲ್ಲ ಬಿಡು," ಅಂದ. ಆಮೇಲೆ ದನಿ ತಗ್ಗಿಸಿ, "ಆದ್ರೂ ನಿನ್ನ ತಮ್ಮನಿಗೆ ತೋರಿಸ್ಬೇಡ ಕಣೇ. ಗಂಡ ಹೆಂಡ್ತಿ ಮಧ್ಯೆ ಹುಳಿ ಹಿಂಡಿದ ಹಾಗಾಗುತ್ತೆ. ಅಪ್ಪಂಗೆ ಕಳೆದುಹೋಯ್ತು ಅಂತ ಹೇಳಿದ್ರಾಯ್ತು."

ಇಷ್ಟು ದೊಡ್ಡ ಮನಸ್ಸು ತನಗಿಲ್ಲವಲ್ಲ ಎಂದು ಅವಳಿಗೆ ತುಸು ನಾಚಿಕೆಯೇ ಆಯಿತು. ಆದರೆ ಅಪ್ಪನ ಮುಂದೆ "ಕಳೆದುಹೋಯ್ತು" ಅನ್ನಬೇಕಾದವಳು ಅವಳು. ತಮ್ಮನಿಗೆ ಫೋನ್ ಹಚ್ಚಿ, "ಭಾನುವಾರ ಅಪ್ಪನ ಜೊತೆ ನೀವಿಬ್ರೂ ಬನ್ನಿ. ನಿಂಗೊಂದು ತೋರಿಸೋದಿದೆ," ಎಂದಳು.

"ಏನಕ್ಕಾ? ನಿನ್ನ ದನಿ ಯಾಕೋ ಸರಿ ಇಲ್ವಲ್ಲ."

"ಬಾ. ಬಂದಾಗ ಹೇಳ್ತೀನಿ."

ಶನಿವಾರ ಮಧ್ಯಾಹ್ನ, ಸಾಕ್ಷಿಗೆ ಇನ್ನೊಂದು ಇರಲಿ ಎಂದು, ಖಾಲಿ ಜಾಗದ ಫೋಟೋ ಹಿಡಿಯಲು ಹೊರಟಳು. ಅದೇ ಕರಿಯ ಕ್ಯಾಮೆರಾ ತೆಗೆದು, ಅಪ್ಪನ ಡಬ್ಬದಲ್ಲಿದ್ದ ಹೊಸ ರೀಲು ಕೂರಿಸಿ ಹಿಂಬದಿಯ ಮುಚ್ಚಳ ಮುಚ್ಚಿದಳು. ಬೇರೆ ಕ್ಯಾಮೆರಾಗಳಿಗೆ ರೀಲು ಹಾಕಿ ಅವಳಿಗೆ ರೂಢಿಯಿತ್ತು. ಅವು ಒಂದು ಸಲ ಗುರ್ರೆಂದು, ಎಣಿಕೆಯ ಕಿಂಡಿಯಲ್ಲಿ ಒಂದು ಎಂದು ತೋರಿಸಿ ಸುಮ್ಮನಾಗುತ್ತಿದ್ದವು. ಇದು ಗುರುಗುಟ್ಟತೊಡಗಿದ್ದು ನಿಲ್ಲಲೇ ಇಲ್ಲ. ಕೆಟ್ಟೇಹೋಯಿತು, ಇನ್ನು ಅಪ್ಪನಿಗೆ ಇದಕ್ಕೂ ಸಮಜಾಯಿಷಿ ಕೊಡಬೇಕು ಎಂದುಕೊಳ್ಳುವಷ್ಟರಲ್ಲಿ ಸದ್ದು ನಿಂತಿತು. ಎಣಿಕೆಯ ಕಿಂಡಿಯಲ್ಲಿ ಇಪ್ಪತ್ತನಾಲ್ಕು ಎಂದಿತ್ತು.

ಕಪಾಟಿನ ಕಡೆ ತಿರುಗಿಸಿ ಒಂದು ಸಲ ಒತ್ತಿದಳು. ಇಪ್ಪತ್ತಮೂರು.

ಅವಳು ಕುರ್ಚಿ ಎಳೆದುಕೊಂಡು ಕೂತಳು. ರೀಲು ಹಾಳಾದರೆ ಆಗಲಿ ಎಂದು ಮುಚ್ಚಳ ತೆರೆದಳು. ಹೆಚ್ಚುಕಡಿಮೆ ಇಡೀ ರೀಲು ಡಬ್ಬಿಯಿಂದ ಹೊರಬಂದು ಆಚೆ ಬದಿಯ ಉರುಳೆಗೆ ದಪ್ಪಗೆ ಸುತ್ತಿಕೊಂಡಿತ್ತು. ಈ ಕ್ಯಾಮೆರಾ ಮೊದಲೇ ಎಲ್ಲವನ್ನೂ ಹೊರಗೆಳೆದುಕೊಂಡು, ಚಿತ್ರ ತೆಗೆದಷ್ಟನ್ನೇ ಡಬ್ಬಿಯೊಳಕ್ಕೆ ಮರಳಿಸುತ್ತದೆ. ಮಧ್ಯದಲ್ಲಿ ಯಾರಾದರೂ ಮುಚ್ಚಳ ತೆರೆದರೂ ತೆಗೆದ ಚಿತ್ರಗಳು ಕತ್ತಲಲ್ಲೇ ಉಳಿಯಲಿ ಎಂದು ಮಾಡಿದ ಏರ್ಪಾಡು. ಹಾಗಾಗಿ ಇದರಲ್ಲಿ ಮೊದಲ ಚಿತ್ರ ಬೀಳುವುದು ರೀಲಿನ ಬಾಲದಲ್ಲಿ. ಅಂಚಿನ ಸಂಖ್ಯೆ ಇಪ್ಪತ್ತನಾಲ್ಕು ಎಂದರೆ ಮೊದಲನೆಯದು, ಒಂದು ಎಂದರೆ ಕೊನೆಯದು.

ಫೋಟೋಗಳನ್ನು ಮತ್ತೆ ಮೇಜಿನ ಮೇಲೆ ಹರಡಿ, ಈ ಸಲ ಹಿಂದುಮುಂದಾಗಿ ಜೋಡಿಸಿದಳು. ಹೂಜಿಯ ನೀರು ಕತ್ತಿನಿಂದ ತಳದವರೆಗೆ, ಒಂದು ಕಡೆಯೂ ಏರದೆ, ಇಳಿಯುತ್ತ ಹೋಯಿತು. ಇಪ್ಪತ್ತೊಂದರಲ್ಲಿ ಕ್ಯಾಮೆರಾ ಇಲ್ಲ, ಹದಿನಾರರಲ್ಲಿ ಇಲ್ಲ, ಏಳರಲ್ಲಿ ಇದೆ, ನಾಲ್ಕರಲ್ಲಿ ಇದೆ. ಹೊಸಬಳು ತೆಗೆದಳು, ನೋಡಿದಳು, ಇದ್ದಲ್ಲೇ ಇಟ್ಟಳು. ಆಮೇಲೆ ಮೂರು ಚಿತ್ರಕ್ಕೆ ರೀಲು ಮುಗಿಯಿತು. ಅಪ್ಪ ಬೀಗ ಹಾಕಿದರು.

ಕೀಲಿ ಹೋದದ್ದು ಗಂಡನ ಕೈಗೆ. ಅವತ್ತಿನಿಂದ ಮನೆಯಲ್ಲಿದ್ದವರು ಇಬ್ಬರೇ. ತಾನು ತೆಗೆದಿಲ್ಲ.

ಒಲೆಯ ಮೇಲಿಟ್ಟ ಹಾಲು ಉಕ್ಕಿದ ವಾಸನೆ ಬಂದರೂ ಅವಳು ಏಳಲಿಲ್ಲ. ಕ್ಯಾಮೆರಾಕ್ಕೆ ಕಾಲು ಬಂದಿರ್ಬೇಕು. ಫೋಟೋ ಸುಳ್ಳು ಹೇಳಲ್ಲ ಬಿಡು. ನಿನ್ನ ತಮ್ಮನಿಗೆ ತೋರಿಸ್ಬೇಡ ಕಣೇ. ಅವನು ಆಡಿದ ಒಂದೊಂದು ಮಾತೂ ಈಗ ಬೇರೆ ದನಿಯಲ್ಲಿ ಕೇಳಿಸುತ್ತಿತ್ತು.

ಸಂಜೆ ಗಂಡ ಬಂದವನೇ ಮೇಜಿನ ಕಡೆ ನೋಡಿದ. "ಮತ್ತೆ ಹರಡ್ಕೊಂಡ್ಯಾ?"

"ರೀ, ಅವತ್ತು ಕೀಲಿ ಇಸ್ಕೊಂಡು ಏನು ಮಾಡಿದ್ರಿ?"

"ಮೊಳೆಗೆ ನೇತು ಹಾಕ್ದೆ. ಇನ್ನೇನು ಮಾಡ್ತಾರೆ?"

"ಆಮೇಲೆ ಯಾವತ್ತು ತೆಗೆದ್ರಿ?"

"ನನ್ನನ್ನೇನು ಕಟಕಟೆಗೆ ಹತ್ತಿಸಿದೀಯಾ?" ಅವನು ನಗಲು ನೋಡಿದ. ಅವಳು ಸಾಲನ್ನು ಬೆರಳಿಂದ ತೋರಿಸಿ, ರೀಲು ಯಾವ ಕಡೆಯಿಂದ ಓಡುತ್ತದೆಂದು ಹೇಳಿದಳು. ಹೂಜಿ ತೋರಿಸಿದಳು. ಅವನು ಚೀಲವನ್ನು ಹೆಗಲಿಂದ ಇಳಿಸದೆ ನಿಂತೇ ಕೇಳಿದ.

"ಆಫೀಸಿನವರೆಲ್ಲ ಜಲಾಶಯಕ್ಕೆ ಹೋಗಿದ್ವಲ್ಲ," ಎಂದ ಕೊನೆಗೆ. "ಒಂದೆರಡು ಫೋಟೋ ತೆಗ್ದು, ತಂದು ಇಟ್ಟುಬಿಡೋಣ ಅಂತ. ಮೆಟ್ಟಿಲ ಮೇಲೆ ಕೈ ಜಾರ್ತು. ಲೆನ್ಸು ಒಳಕ್ಕೆ ಹೋಗ್ತಿಲ್ಲ."

"ಎಲ್ಲಿದೆ?"

"ಆಫೀಸಲ್ಲಿ. ನನ್ನ ಡ್ರಾಯರಲ್ಲಿ. ರಿಪೇರಿ ಮಾಡಿಸಿ ಹೇಳೋಣ ಅಂದ್ಕೊಂಡಿದ್ದೆ."

"ರಿಪೇರಿ ಮಾಡೋರು ಅಪ್ಪನೇ ಅಲ್ವಾ."

ಅವನು ಚೀಲವನ್ನು ಕುರ್ಚಿಯ ಮೇಲಿಟ್ಟ. ಆಮೇಲೆ, "ನಾಳೆ ನೀನೇ ಏನಾದ್ರೂ ಹೇಳಿ ಸಂಭಾಳಿಸು," ಎಂದ.

"ನಾನು ತಮ್ಮನಿಗೆ ತೋರಿಸೋದಿದೆ ಅಂದಿದೀನಿ. ನಾನು ತೋರಿಸೋಕೆ ಏನೂ ಉಳಿದಿಲ್ಲ. ನೀವು ತೋರಿಸಿ. ಬೆಳಿಗ್ಗೆ ಹೋಗಿ ತಂದ್ಬಿಡಿ."

ಮರುದಿನ ಎಲ್ಲರೂ ಹಜಾರದಲ್ಲಿ ಕೂತರು. ಅಪ್ಪ ಕಪ್ಪು ಕನ್ನಡಕ ತೆಗೆದು, ಗೋಡೆ, ಕಪಾಟು, ಮಗಳ ಮುಖ ಎಲ್ಲವನ್ನೂ ಹೊಸದಾಗಿ ನೋಡಿದರು. "ನೀನು ಇಷ್ಟು ಬೆಳ್ಳಗಾಗಿದೀಯಾ ಅಂತ ಗೊತ್ತೇ ಇರ್ಲಿಲ್ಲ," ಎಂದು ಅವಳ ಕೂದಲು ನೋಡಿ ನಕ್ಕರು. ತಮ್ಮ ನಗಲಿಲ್ಲ. "ಏನೋ ತೋರಿಸೋದಿದೆ ಅಂದ್ಯಲ್ಲ ಅಕ್ಕ," ಎಂದ.

ಅಕ್ಕ ಗಂಡನ ಕಡೆ ನೋಡಿದಳು. ಅವನು ಕರವಸ್ತ್ರದಲ್ಲಿ ಸುತ್ತಿದ್ದನ್ನು ಚೀಲದಿಂದ ತೆಗೆದು ಮಾವನ ತೊಡೆಯ ಮೇಲಿಟ್ಟ. ನಡೆದದ್ದನ್ನು ಹೇಳಿದ. ಫೋಟೋ ಜೋಡಿಸಿದ್ದು, ಯಾರ ಮೇಲೆ ಅನುಮಾನ ಬಂತೆಂಬುದು, ತಾನದನ್ನು ಬೆಳೆಯಲು ಬಿಟ್ಟದ್ದು, ಅಷ್ಟನ್ನೂ ಹೇಳಿದ. ಎಲ್ಲಾದರೂ ನುಂಗುತ್ತಾನೇನೋ ಎಂದು ಅಕ್ಕ ಒಂದೊಂದು ಮಾತನ್ನೂ ಕಾಯುತ್ತ ಕೂತಿದ್ದಳು. ಅಪ್ಪ ಕ್ಯಾಮೆರಾವನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿದರು. ಒಳಗೆ ಏನೋ ಕಿಣಿಕಿಣಿ ಎಂದಿತು.

"ಒಳಗಿನ ಚಕ್ರದ ಹಲ್ಲು ಮುರಿದಿದೆ," ಎಂದರು. ಕಿಂಡಿಗೆ ಕಣ್ಣಿಟ್ಟು ಸೊಸೆಯ ಕಡೆ ತಿರುಗಿಸಿದರು. "ಕಿಂಡಿಗೇನೂ ಆಗಿಲ್ಲ. ಚೆನ್ನಾಗಿ ಕಾಣ್ತೀಯ."

ಹೊಸಬಳು ಅವರಿಗೆ ನಸುನಕ್ಕಳು. ಆಮೇಲೆ ಅಕ್ಕನ ಕಡೆ ತಿರುಗಿದಳು.

"ಅವತ್ತು ನೀವು ಫೋನಲ್ಲಿ, ಇದೆ ಇದೆ, ಸುಮ್ನೆ ಕೇಳ್ದೆ ಅಂದ್ರಲ್ಲ. ಆಗ ಭಾವ ಪಕ್ಕದಲ್ಲೇ ಇದ್ರಾ?"

"ಇದ್ರು," ಎಂದಳು ಅಕ್ಕ. "ಸ್ಪೀಕರ್ ಹಾಕಿದ್ದೆ."

"ಓಹೋ. ಹಾಗಾದ್ರೆ ಇಬ್ರಿಗೂ ಗೊತ್ತಿತ್ತು, ಅದು ಅಲ್ಲಿಲ್ಲ ಅಂತ," ಎಂದಳು ಹೊಸಬಳು. ಎದ್ದು ಟೀಪಾಯಿಯ ಮೇಲಿದ್ದ ಖಾಲಿ ಹೂಜಿ ಎತ್ತಿಕೊಂಡು, ಯಾರನ್ನೂ ಕೇಳದೆ, ತುಂಬಿಸಿ ತರಲು ಒಳಗೆ ಹೋದಳು.