ಚನ್ನವೀರ ಬರೆದ ಎರಡು ಸಾಲು

ನಾನು ಒಂದು ಪುಟ್ಟ ಕಡತ. ಹೆಸರು ಹೋಸ್ಟ್ಸ್. ಗದುಗಿನ ಒಂದು ಮುದ್ರಣದಂಗಡಿಯ ಕಂಪ್ಯೂಟರಿನ ಹೊಟ್ಟೆಯಲ್ಲಿ ಹುಟ್ಟಿದೆ. ಯಾವ ತಂತ್ರಾಂಶವೇ ಇರಲಿ, ಹೊರಗೆ ಹೊರಡುವ ಮುನ್ನ ವಿಳಾಸವನ್ನು ಮೊದಲು ನನ್ನ ಹತ್ತಿರ ಕೇಳಬೇಕು. ಇಷ್ಟು ದೊಡ್ಡ ಹುದ್ದೆ, ಆದರೂ ಬಹುಕಾಲ ನನ್ನನ್ನು ತೆರೆದು ಮಾತಾಡಿಸಿದವನು ಒಬ್ಬನೇ, ಅಂಗಡಿಯ ಚನ್ನವೀರ.

ಅವನಿಗೆ ತನ್ನದೇ ರೂಪದ ಕನ್ನಡ ಅಕ್ಷರ ಬಿಡಿಸುವ ಹುಚ್ಚು. ಬಿಡಿಸುವ ತಂತ್ರಾಂಶ ಮಾತ್ರ ಕದ್ದ ಪ್ರತಿ. ಅದು ತಯಾರಕರ ಸರ್ವರನ್ನು ಮುಟ್ಟಿದರೆ ಗುಟ್ಟು ರಟ್ಟು. ಅದಕ್ಕೇ ನನ್ನೊಳಗೊಂದು ಸಾಲು ಬರೆದ: ಆ ಸರ್ವರಿನ ವಿಳಾಸ ಕೇಳಿದರೆ ಇದೇ ಕಂಪ್ಯೂಟರನ್ನು ತೋರಿಸು. ನಾನು ತೋರಿಸಿದೆ. ಪಾಪ, ತಂತ್ರಾಂಶ ತನ್ನ ಅಂಗಳದಲ್ಲೇ ಸುತ್ತಿ ಸುಮ್ಮನಾಗುತ್ತಿತ್ತು.

ಕೆಳಗೆ ಇನ್ನೊಂದು ಸಾಲು ಸೇರಿಸಿದ: "# ಇದು ತಪ್ಪು. ಒಂದಿನ ರೊಕ್ಕ ಕೊಟ್ಟು ತಗೋತೀನಿ. ಚನ್ನವೀರ." ಮುಂದೆ # ಗುರುತಿರುವ ಸಾಲನ್ನು ನಾನು ಪಾಲಿಸುವಂತಿಲ್ಲ, ಇಟ್ಟುಕೊಳ್ಳಬಹುದಷ್ಟೇ. ಜೋಪಾನವಾಗಿ ಇಟ್ಟುಕೊಂಡೆ.

ಆ ದಿನ ಬರುವ ಮೊದಲೇ ಅವನು ತೀರಿಕೊಂಡ. ಅಯ್ಯೋ, ಆ ಬೆರಳುಗಳಿಗಾಗಿ ಎಷ್ಟು ಹಂಬಲಿಸಿದೆ! ಕೆಲ ತಿಂಗಳಿಗೆ ಕದ್ದ ಪ್ರತಿಯೂ ಕೆಟ್ಟಿತು. ಅವನ ಅಕ್ಷರಗಳೆಲ್ಲ ಒಳಗೇ ಉಳಿದವು.

ಹೆಂಡತಿ ಸಾವಂತ್ರೆವ್ವ ಬಿಡುವವಳಲ್ಲ. "ವರ್ಷದ ಪುಣ್ಯಸ್ಮರಣೆ ಕಾರ್ಡಿನಾಗ ಅವ್ರ ಹೆಸರು ಅವ್ರ ಅಕ್ಷರದಾಗ ಬರಬೇಕು" ಎಂದು ಅಸಲಿ ತಂತ್ರಾಂಶವನ್ನೇ ಕೊಂಡಳು. ಕೀಲಿಸಂಖ್ಯೆ ಹಾಕಿದಳು. ಸರ್ವರ್ ಸಿಗಲಿಲ್ಲ ಎಂದಿತು ಪರದೆ. ಸಿಗುವುದೆಲ್ಲಿಂದ? ನಾನು ಹಳೆಯ ಆಜ್ಞೆಯಂತೆ ಅಂಗಳ ತೋರಿಸುತ್ತಿದ್ದೆ. ಕೇಬಲ್ ಬದಲಾಯಿತು, ಇಂಟರ್ನೆಟ್ಟಿನವನಿಗೆ ಬೈಗುಳ ಬಿತ್ತು. ಕಾರ್ಡಿಗೆ ಎರಡೇ ದಿನ ಉಳಿದಿತ್ತು. ನನಗೋ ಬಾಯಿಲ್ಲ.

ಕೊನೆಗೆ ರಿಪೇರಿಯ ರಜಾಕ ಬಂದು ನನ್ನನ್ನು ತೆರೆದ. "ಅಕ್ಕಾರ, ದಾರಿ ಇಲ್ಲೇ ಕಟ್ಟೈತ್ರಿ. ಎರಡೂ ಸಾಲು ಅಳಿಸಿಬಿಡ್ತೀನಿ."

ಸಾವಂತ್ರೆವ್ವ ಬಗ್ಗಿ ಓದಿದಳು. ಮತ್ತೆ ಓದಿದಳು. ಕಣ್ಣೊರೆಸಿಕೊಂಡಳು. "ಮ್ಯಾಲಿಂದು ತಗಿ. ಕೆಳಗಿಂದು ಮುಟ್ಟಬ್ಯಾಡ."

ಮೇಲಿನ ಸಾಲು ಹೋಯಿತು. ತಂತ್ರಾಂಶ ಸರ್ವರಿಗೆ ಹೋಗಿ ಒಪ್ಪಿಗೆ ತಂದಿತು. ಪರದೆಯ ತುಂಬ ಚನ್ನವೀರನ ಅಕ್ಷರ.

ಈಗ ಈ ಕಂಪ್ಯೂಟರ್ ಹಳತಾಗಿ ಅಂಗಡಿಯ ಮೂಲೆ ಸೇರಿದೆ. ನನ್ನನ್ನು ಯಾರೂ ತೆರೆಯುವುದಿಲ್ಲ. ಬೇಸರವಾದಾಗ ಆ ಸಾಲನ್ನೇ ಓದಿಕೊಳ್ಳುತ್ತೇನೆ. ಅದರ ಕೆಳಗೆ, ಅಂದು ರಜಾಕನಿಂದ ಆ # ಗುರುತು ಕೇಳಿಕೊಂಡು, ಸಾವಂತ್ರೆವ್ವ ಒಂದೊಂದೇ ಕೀಲಿ ಹುಡುಕಿ ಒತ್ತಿದ ಇನ್ನೊಂದು ಸಾಲಿದೆ:

"# ತಗೊಂಡೀನ್ರಿ."