ಮಹಾರಾಣಿಯ ಲ್ಯಾಪ್‌ಟಾಪ್

ಲ್ಯಾಪ್‌ಟಾಪನ್ನು ಎದೆಗವಚಿಕೊಂಡು ಯಾರೋ ಬಾಗಿಲಲ್ಲಿ ನಿಂತದ್ದು ತಿಳಿದು, ಶಾಲೆಯ ಕಂಪ್ಯೂಟರ್ ಲ್ಯಾಬ್ ನೋಡಿಕೊಳ್ಳುವ ಮೇಡಂ ತಲೆ ಎತ್ತದೆಯೇ ಆಗುವುದಿಲ್ಲ ಎಂದುಬಿಟ್ಟಳು. ಬೆಳಗಿನಿಂದ ಇಂಥವರದೇ ಕಾಟ. ಶಾಲೆ ಕೊಟ್ಟ ಲ್ಯಾಪ್‌ಟಾಪುಗಳಲ್ಲಿ ಎಐ ತೆರೆಯದಂತೆ ಅವಳು ಬೀಗ ಜಡಿದ ಮೇಲೆ ಮಕ್ಕಳದು ಒಬ್ಬೊಬ್ಬರದು ಒಂದೊಂದು ರಾಗ. ಒಬ್ಬನಂತೂ ಅದು ತನಗಲ್ಲ, ಮನೆಯಲ್ಲಿ ತಾತನಿಗೆ ಬೇಕು ಎಂದು ಮುಖ ಸಪ್ಪಗೆ ಮಾಡಿಕೊಂಡು ಹೇಳಿ ಹೋಗಿದ್ದ.

ಬೀಗ ಬೀಳಲು ಕಾರಣವೂ ಮಕ್ಕಳೇ. ಪ್ರವಾಸದ ಬಗ್ಗೆ ಪ್ರಬಂಧ ಬರೆಯಿರಿ ಎಂದರೆ ಒಂಬತ್ತನೇ ತರಗತಿಯ ಅರ್ಧ ಮಂದಿ ಒಂದೇ ಬೆಟ್ಟ ಹತ್ತಿ, ಒಂದೇ ಸೂರ್ಯೋದಯ ನೋಡಿ, ಒಂದೇ ಥರ ಕಣ್ಣೀರಿಟ್ಟಿದ್ದರು. ಊರು ಬಿಟ್ಟು ಎಲ್ಲಿಗೂ ಹೋಗದವರೂ ಆ ಗುಂಪಿನಲ್ಲಿದ್ದರು. ಹೆಡ್ ಮೇಡಂ ಕೆಂಡವಾಗಿ, ಎಐ ಎಂಬ ಹೆಸರಿನದು ಯಾವುದೂ ಇನ್ನು ಮಕ್ಕಳ ಕೈಗೆ ಸಿಗಕೂಡದು ಎಂದರು. ಲ್ಯಾಬ್ ಮೇಡಂ ಹಿಂದೆ ಮುಂದೆ ನೋಡದೆ ಎಲ್ಲವನ್ನೂ ಮುಚ್ಚಿದಳು.

ಬಂದವಳು ಹೋಗಲಿಲ್ಲ. ತಲೆ ಎತ್ತಿ ನೋಡಿದರೆ ಅದೇ ತರಗತಿಯ ಮಹಾರಾಣಿ. ಕೂಗಿದರೆ ತಿರುಗುವುದಿಲ್ಲ, ಕೇಳಿದ್ದಕ್ಕೆ ಉತ್ತರ ಕೊಡುವುದಿಲ್ಲ ಎಂದು ಜೊತೆಯವರು ಇಟ್ಟ ಹೆಸರು ಅದು. ಇಷ್ಟು ಜಂಬ ಒಳ್ಳೆಯದಲ್ಲ ಎಂದು ಲ್ಯಾಬ್ ಮೇಡಂ ಕೂಡ ಒಂದೆರಡು ಸಲ ಅವಳಿಗೆ ಬುದ್ಧಿ ಹೇಳಿದ್ದುಂಟು.

ಹುಡುಗಿ ಬಾಗಿಲು ಮುಂದೆ ಮಾಡಿ, ಹತ್ತಿರ ಬಂದು ಕೂದಲು ಸರಿಸಿದಳು. ಕಿವಿಯ ಹಿಂದೆ ಹುರುಳಿಕಾಳಿನ ಬಣ್ಣದ ಸಣ್ಣ ಯಂತ್ರವೊಂದು ಕೂತಿತ್ತು.

"ಇದಿದ್ರೂ ನಂಗೆ ಸರಿಯಾಗಿ ಕೇಳ್ಸಲ್ಲ ಮೇಡಂ. ಮೇಷ್ಟ್ರು ಹೇಳಿದ್ದನ್ನೆಲ್ಲ ಲ್ಯಾಪ್‌ಟಾಪು ಬರೆದು ತೋರಿಸ್ತಿತ್ತು. ಸೋಮವಾರದಿಂದ ಬರೀ ಅನುಮತಿ ಇಲ್ಲ ಅನ್ನೋ ಕೆಂಪು ಪುಟ ಬರ್ತಿದೆ."

ಲ್ಯಾಬ್ ಮೇಡಂಗೆ ತಾನು ಜಂಬ ಎಂದಿದ್ದು ನೆನಪಾಗಿ ನಾಚಿಕೆಯಾಯಿತು. ಆಗಲೇ ಎದ್ದು ಹೋಗಿ ಹೆಡ್ ಮೇಡಂ ಅನ್ನು ಒಪ್ಪಿಸಿ ಬಂದಳು. ತೊಡಕು ಬೇರೆಯೇ ಇತ್ತು. ಮಾತನ್ನು ಬರೆದು ತೋರಿಸುವುದಕ್ಕೂ ಪ್ರಬಂಧ ಹೊಸೆದು ಕೊಡುವುದಕ್ಕೂ ಇದ್ದದ್ದು ಒಂದೇ ಬಾಗಿಲು, ತೆಗೆದರೆ ಎರಡೂ ತೆರೆಯುತ್ತವೆ. ಆಗಲಿ, ಈ ಮುಗ್ಧೆ ಏನು ಮಾಡಿಯಾಳು ಎಂದು ಅವಳೊಬ್ಬಳ ಬೀಗ ತೆಗೆದಳು. ಕಿವಿಯ ವಿಷಯ ತರಗತಿಗೆ ಹೇಳಿದರೆ ಎಲ್ಲರಿಗೂ ಅರ್ಥವಾಗುತ್ತದಲ್ಲ ಎಂದದ್ದಕ್ಕೆ ಮಾತ್ರ ಹುಡುಗಿ ಗಾಬರಿಬಿದ್ದಳು.

"ಹೇಳ್ಬೇಡಿ. ಪಾಪ ಅಂತ ನೋಡ್ತಾರೆ. ಅದಕ್ಕಿಂತ ಮಹಾರಾಣಿನೇ ವಾಸಿ."

ಹೇಳುವುದಿಲ್ಲ ಎಂದು ಮೇಡಂ ಮಾತು ಕೊಟ್ಟಳು.

ತಿಂಗಳೊಪ್ಪತ್ತು ಕಳೆದಿರಬೇಕು. ಊಟದ ಬಿಡುವಿನಲ್ಲಿ ಆ ತರಗತಿಯ ಮುಂದೆ ಹಾದು ಹೋಗುವಾಗ ಲ್ಯಾಬ್ ಮೇಡಂ ನಿಂತೇಬಿಟ್ಟಳು. ಮಹಾರಾಣಿಯ ಬೆಂಚಿಗೆ ಮಕ್ಕಳು ಮುತ್ತಿಕೊಂಡಿದ್ದರು. ಒಬ್ಬಳು ತನ್ನ ಡಬ್ಬಿ ಅವಳ ಮುಂದೆ ಹಿಡಿದಿದ್ದಳು, ಇನ್ನೊಬ್ಬಳು ಅವಳ ಜಡೆ ಹಾಕುತ್ತಿದ್ದಳು. ಮಹಾರಾಣಿ ಎಂಬುದೇ ಈಗ ಮುದ್ದಿನ ಹೆಸರಾಗಿತ್ತು. ಮೇಡಂ ಖುಷಿಯಿಂದ ಒಳಗೆ ಇಣುಕಿದಳು. ಬೆಂಚಿನ ಮೇಲಿದ್ದ ಲ್ಯಾಪ್‌ಟಾಪಿನಲ್ಲಿ ಯಾರದೋ ವಿಜ್ಞಾನದ ಪ್ರಾಜೆಕ್ಟು ತನ್ನಷ್ಟಕ್ಕೆ ತಾನೇ ಉದ್ದವಾಗುತ್ತಿತ್ತು. ಖುಷಿ ಅಲ್ಲಿಗೇ ಇಳಿಯಿತು.

ಸಂಜೆ ಹುಡುಗಿಯನ್ನು ಕರೆಸಿ, ಎದುರಿಗೆ ಕೂರಿಸಿಕೊಂಡು, ಮುಖ ಕಾಣುವಂತೆ ನಿಧಾನವಾಗಿ ಮಾತಾಡಿದಳು. ಹೆಡ್ ಮೇಡಂಗೆ ಗೊತ್ತಾದರೆ ಇಬ್ಬರ ಗ್ರಹಚಾರವನ್ನೂ ಬಿಡಿಸುತ್ತಾರೆ, ಇನ್ನು ಮೇಲೆ ಲ್ಯಾಪ್‌ಟಾಪ್ ಯಾರ ಕೈಗೂ ಹೋಗಕೂಡದು, ಹೋದರೆ ಮುಚ್ಚಿಬಿಡುತ್ತೇನೆ, ಆಮೇಲೆ ಪಾಠ ಹೇಗೆ ತಿಳಿಯುತ್ತದೆ ನೋಡು ಎಂದು ಹೆದರಿಸಿದಳು.

"ಈಗ್ಲೂ ತಿಳಿಯಲ್ಲ ಮೇಡಂ. ಪಾಠದ ಹೊತ್ತಲ್ಲಿ ಅದು ನನ್ನ ಹತ್ರ ಇರಲ್ಲ, ಬೆಂಚಿಂದ ಬೆಂಚಿಗೆ ಹೋಗ್ತಿರುತ್ತೆ."

"ಮತ್ತೆ ನಾನು ಯಾರಿಗೋಸ್ಕರ ಬೀಗ ತೆಗೆದಿರೋದು?"

ಹುಡುಗಿ ಉಗುರು ನೋಡಿಕೊಂಡಳು.

"ಮುಚ್ಚಬೇಡಿ. ಹೋದ ವರ್ಷ ಪೂರ್ತಿ ಬೆಂಚಲ್ಲಿ ನಾನೊಬ್ಳೇ ಕೂತಿದ್ದೆ." ಆಮೇಲೆ ಸಮಾಧಾನ ಹೇಳುವವಳಂತೆ, "ಪಾಠ ಹೇಗಿದ್ರೂ ಪುಸ್ತಕದಲ್ಲಿ ಇರುತ್ತಲ್ಲ ಮೇಡಂ" ಎಂದಳು.

ನೋಡೋಣ ಎಂದು ಕಳಿಸಿದಳೇ ಹೊರತು ಏನು ನೋಡುವುದೆಂದು ಲ್ಯಾಬ್ ಮೇಡಂಗೆ ಗೊತ್ತಿರಲಿಲ್ಲ. ಮುಚ್ಚಿದರೆ ಹುಡುಗಿಗೆ ಗೆಳತಿಯರೂ ಇಲ್ಲ, ಪಾಠವೂ ಇಲ್ಲ. ಬಿಟ್ಟರೆ ಇಡೀ ತರಗತಿ ಕದ್ದು ಬರೆಯುತ್ತದೆ, ಇವಳು ಹಿಂದೆ ಬೀಳುತ್ತಾಳೆ. ನಿಜ ಹೇಳಿಬಿಡೋಣವೆಂದರೆ ಮಾತು ಕೊಟ್ಟಾಗಿದೆ. ನುಂಗಲಾರದ, ಉಗುಳಲಾರದ ಬಿಸಿತುಪ್ಪ. ಮರುದಿನ ಬೆಳಿಗ್ಗೆ ಗಟ್ಟಿ ಮನಸ್ಸು ಮಾಡಿ ಹುಡುಗಿಯ ಲ್ಯಾಪ್‌ಟಾಪಿನ ಅನುಮತಿ ರದ್ದು ಮಾಡಲು ಹೊರಟಳು. ನಿಜವಾಗಿಯೂ ಮುಚ್ಚಬೇಕೆ ಎಂದು ಕಂಪ್ಯೂಟರ್ ಕೇಳಿತು. ಅವಳು ಯಾವುದನ್ನೂ ಒತ್ತದೆ ಎದ್ದು, ಪ್ರೊಜೆಕ್ಟರಿನ ವೈರು ನೋಡುವ ನೆಪ ಮಾಡಿಕೊಂಡು ಆ ತರಗತಿಗೆ ಹೋದಳು.

ಚರಿತ್ರೆಯ ಮೇಷ್ಟ್ರು ಬೋರ್ಡಿನ ಕಡೆ ತಿರುಗಿ ಬರೆಯುತ್ತಲೇ ಯಾವುದೋ ರಾಜನ ಬಗ್ಗೆ ತಮಾಷೆ ಹೇಳುತ್ತಿದ್ದರು. ಕೊನೆಯ ಬೆಂಚಿನಲ್ಲಿ ಮಹಾರಾಣಿಯ ಲ್ಯಾಪ್‌ಟಾಪ್ ತೆರೆದಿತ್ತು. ಪರದೆಯ ಕೆಳತುದಿಯಲ್ಲಿ ಮೇಷ್ಟ್ರ ತಮಾಷೆ ಸಾಲು ಸಾಲಾಗಿ ಮೂಡುತ್ತಿತ್ತು. ಅದರ ಮುಂದೆ ಕೂತವನು ಅದನ್ನು ನೋಡದೆ, ಮೇಲ್ಭಾಗದಲ್ಲಿ ಎಐ ಬರೆದುಕೊಟ್ಟದ್ದನ್ನು ತನ್ನ ಪುಸ್ತಕಕ್ಕೆ ಇಳಿಸಿಕೊಳ್ಳುತ್ತಿದ್ದ.

ತರಗತಿ ಗೊಳ್ಳೆಂದಿತು. ಎರಡನೇ ಬೆಂಚಿನಲ್ಲಿ ಇಬ್ಬರ ನಡುವೆ ಒತ್ತಿಕೊಂಡು ಕೂತಿದ್ದ ಮಹಾರಾಣಿ ಈ ಪಕ್ಕದವಳ ಮುಖ ನೋಡಿದಳು, ಆ ಪಕ್ಕದವಳ ಮುಖ ನೋಡಿದಳು. ಉಳಿದವರ ನಗು ಮುಗಿಯುತ್ತ ಬಂದಾಗ ಅವಳದು ಶುರುವಾಯಿತು.