ಬಡತನಕ್ಕೆ ಇನ್ನೊಂದು ಕೋಟ್

ಹೈದರಾಬಾದಿನ ಸ್ಟುಡಿಯೋಗಳಲ್ಲಿ ಹೊಸ ಗೋಡೆಯನ್ನು ಹಾಳು ಮಾಡುವುದರಲ್ಲಿ ಗುರುಬಸವನನ್ನು ಮೀರಿಸುವವರಿರಲಿಲ್ಲ. ಬೆಳಿಗ್ಗೆ ನಿಲ್ಲಿಸಿದ ಪ್ಲೈವುಡ್ ಗೋಡೆಗೆ ಚಹಾದ ಡಿಕಾಕ್ಷನ್ ಎರಚಿ, ಇದ್ದಿಲ ಪುಡಿ ತಿಕ್ಕಿದನೆಂದರೆ ಸಂಜೆಯೊಳಗೆ ಅದಕ್ಕೆ ಮುತ್ತಜ್ಜನ ವಯಸ್ಸಾಗಿರುತ್ತಿತ್ತು. ಆದರೇನು, ಪರದೆಯ ಮೇಲೆ ಅವನ ಹೆಸರು ಸಹಾಯಕರ ಗುಂಪಿನಲ್ಲಿ, ಜನ ಕತ್ತಲಲ್ಲಿ ಚಪ್ಪಲಿ ಹುಡುಕುವ ಹೊತ್ತಿಗೆ ಬಂದು ಹೋಗುತ್ತಿತ್ತು. ಈ ಸಲ ಮಾತ್ರ ನಿರ್ದೇಶಕ ಸೂರಜ್ ಮಾತು ಕೊಟ್ಟಿದ್ದರು: ‘ಪ್ರೊಡಕ್ಷನ್ ಡಿಸೈನರ್ ಗುರುಬಸವ’, ಇಡೀ ಪರದೆಗೆ ಅವನೊಬ್ಬನೇ. ಅದಕ್ಕಾಗಿ ಅವನು ಏನು ಬೇಕಾದರೂ ಮಾಡಲು ತಯಾರಿದ್ದ.

ಚಿತ್ರದ ಕಥೆ ಸೇಡಂ ಕಡೆಯಿಂದ ಕೂಲಿಗೆ ಬಂದ ಬಡ ಕುಟುಂಬದ್ದು. ಅಂಥ ಮನೆಯನ್ನು ಗುರುಬಸವ ಹುಡುಕಿಕೊಂಡು ಹೋಗಬೇಕಿರಲಿಲ್ಲ. ಅವನನ್ನು ಸಾಕಿ ಬೆಳೆಸಿದ ಸೋದರತ್ತೆ ಬಂಡೆಮ್ಮ ಹಾಗೇ ಬಂದು, ಕಂಡವರ ಕಟ್ಟಡಗಳಿಗೆ ಗಾರೆ ಹೊತ್ತು, ಉಪ್ಪಲ್‌ನ ಓಣಿಯೊಂದರಲ್ಲಿ ಎರಡು ಕೋಣೆಯ ಮನೆ ಮಾಡಿಕೊಂಡಿದ್ದಳು. ಅದರ ಫೋಟೋ ತೆಗೆದು, ಒಲೆ, ದೇವರ ಗೂಡು ಸಮೇತ ಹಾಗೇ ಸೆಟ್ ಕಟ್ಟಿಸಿದ.

“ಅತ್ತಿ, ನಿನ್ನ ಮನಿ ಪಿಕ್ಚರ್‌ದಾಗ ಬರ್ತೈತಿ” ಎಂದ. ಬಂಡೆಮ್ಮ ಹಿಗ್ಗಿ ಓಣಿಗೆಲ್ಲ ಸಕ್ಕರೆ ಹಂಚಿದಳು.

ಬಡತನವನ್ನು ವಿದೇಶದ ಫಿಲ್ಮ್ ಸ್ಕೂಲಿನಲ್ಲಿ ಓದಿ ಬಂದಿದ್ದ ಸೂರಜ್‌ಗೆ ಸೆಟ್ ಹಿಡಿಸಲಿಲ್ಲ. “ಇಂಕಾ ಪೇದರಿಕಂ ಕಾವಾಲಿ, ಗುರು!” ಎಂದರು. ಇನ್ನಷ್ಟು ಬಡತನ ಬೇಕಂತೆ. ಗುರುಬಸವ ಗೋಡೆಗೆ ಇನ್ನೊಂದು ಕೋಟ್ ಡಿಕಾಕ್ಷನ್ ಹೊಡೆಸಿದ. ಜೇಡರ ಬಲೆ ಊದುವ ಯಂತ್ರ ಬಂತು. ನಾಯಕಿಯ ಕೆನ್ನೆಗೆ ಸರಿಯಾಗಿ ಬಿಸಿಲು ಬೀಳುವಂತೆ ಚಾವಣಿಗೆ ತೂತು ಬಿತ್ತು. ಬಾಡಿಗೆಯ ಮೇಕೆ ತೀರಾ ದಷ್ಟಪುಷ್ಟವಾಗಿದೆಯೆಂದು ಅದನ್ನು ವಾಪಸ್ಸು ಕಳಿಸಿ ಬಡಕಲು ಮೇಕೆಯೊಂದನ್ನು ತರಿಸಿದರು.

ಶೂಟಿಂಗ್ ದಿನ ಬಂಡೆಮ್ಮ ಇಳಕಲ್ ಸೀರೆ ಉಟ್ಟು ಆಟೋದಲ್ಲಿ ಬಂದಿಳಿದಳು. ಸೆಟ್ ನೋಡಿ ನಿಂತಲ್ಲೇ ನಿಂತಳು.

“ಇದು ನನ್ನ ಮನಿ ಏನೋ ತಮ್ಮಾ?”

“ಸಿನಿಮಾ ಅತ್ತಿ. ಹಿಂಗ ಇರಬೇಕಾಗ್ತೈತಿ.”

“ಇವತ್ತ ಏನ ತೆಗಿತೀರಿ?”

“ಹುಡುಗಿ ನೋಡಾಕ ಗಂಡಿನವರು ಬರೋದು.”

ಬಂಡೆಮ್ಮ ಗೋಡೆಯ ಕಪ್ಪನ್ನು ಬೆರಳಿನಿಂದ ಉಜ್ಜಿ ನೋಡಿದಳು. ಎಲ್ಲರೂ ಊಟಕ್ಕೆ ಹೋದರು.

ಗುರುಬಸವ ಊಟ ಮುಗಿಸಿ ಕೈ ತೊಳೆದು ಬರುವಷ್ಟರಲ್ಲಿ ಮುಂದಿನ ಗೋಡೆ ಬೆಳ್ಳಗೆ ಹಸಿಯಾಗಿ ಹೊಳೆಯುತ್ತಿತ್ತು. ಪೇಂಟರುಗಳ ಸುಣ್ಣದ ಬಕೆಟ್ ಖಾಲಿ. ಜೇಡರ ಬಲೆಯೆಲ್ಲ ಕಸಬರಿಗೆಗೆ ಸುತ್ತಿಕೊಂಡಿತ್ತು. ಬಂಡೆಮ್ಮ ಸೀರೆ ಎತ್ತಿ ಕಟ್ಟಿ, ಬಾಗಿಲಲ್ಲಿ ಅದೇ ಸುಣ್ಣದಲ್ಲಿ ರಂಗೋಲಿ ಎಳೆಯುತ್ತಿದ್ದಳು.

“ಬೀಗರು ಬರೋ ಮನಿ. ಹಂಗ ಬಿಡಾಕ ಆಗ್ತೈತೇನು?”

ಹಸಿ ಸುಣ್ಣದ ವಾಸನೆಗೆ ಗುರುಬಸವನಿಗೆ ಹಳೆಯದೆಲ್ಲ ನೆನಪಾಯಿತು. ಮನೆಗೆ ಯಾರಾದರೂ ಬರುತ್ತಾರೆಂದರೆ ಹಿಂದಿನ ದಿನ ಅವನನ್ನು ಸ್ಟೂಲಿನ ಮೇಲೆ ನಿಲ್ಲಿಸಿ, ಕೈಗೆ ಬ್ರಷ್ ಕೊಡುತ್ತಿದ್ದವಳು ಇವಳೇ. ಗೋಡೆಗೆ ಬಣ್ಣ ಬಳಿಯುವುದನ್ನು ಅವನು ಕಲಿತದ್ದೇ ಹಾಗೆ.

ಅಷ್ಟರಲ್ಲಿ ಸೂರಜ್ ಬಂದು ಕೂಗಾಡತೊಡಗಿದರು. ಯಾರು ಮಾಡಿದ್ದು ಇದನ್ನು? ಇಂಥವರನ್ನು ಸೆಟ್ಟಿಗೆ ಕರೆದವರು ಯಾರು?

ಗುರುಬಸವನ ಕಣ್ಣ ಮುಂದೆ ಆ ಪರದೆ ಬಂತು, ಅದರ ಮೇಲೆ ಅವನೊಬ್ಬನೇ. “ಎವರೋ ಪನಿಮನಿಷಿ ಸಾರ್” ಎಂದ. ಯಾರೋ ಕೆಲಸದಾಕೆ, ಅಷ್ಟೆ.

ತೆಲುಗಿನಲ್ಲಿ ಹೇಳಿದರೆ ಅತ್ತೆಗೆ ತಾಗುವುದಿಲ್ಲ ಎಂದುಕೊಂಡನೋ ಏನೋ. ಆದರೆ ತೆಲುಗು ಮೇಸ್ತ್ರಿಗಳ ಕೈಕೆಳಗೇ ಆಕೆಯ ತಲೆ ನೆರೆತಿತ್ತು. ಹಸಿ ಸುಣ್ಣದ ಮೇಲೆ ಸೋದರಳಿಯ ತಾನೇ ಡಿಕಾಕ್ಷನ್ ಎರಚುವುದನ್ನು ಆಕೆ ನಿಂತು ನೋಡಿದಳು. ಆಮೇಲೆ ಕೈ ತೊಳೆದುಕೊಂಡು ಹೋದಳು.

ಚಿತ್ರ ಬಿಡುಗಡೆಯಾಯಿತು. ಗೋಡೆಗಳೇ ಅಳುತ್ತವೆ ಎಂದು ವಿಮರ್ಶಕರು ಬರೆದರು. ಗುರುಬಸವ ಇಡೀ ಓಣಿಗೆ ಟಿಕೆಟ್ ತೆಗೆಸಿದ. ಸಕ್ಕರೆ ಹಂಚಿದ ದಿನವೇ ಓಣಿಯವರಿಗೆ ಜೊತೆಗೆ ಬರುವುದಾಗಿ ಮಾತು ಕೊಟ್ಟಿದ್ದರಿಂದ ಬಂಡೆಮ್ಮನೂ ಬಂದು ಅವನ ಪಕ್ಕದಲ್ಲೇ ಕೂತಳು. ಈಗಿನ ಪದ್ಧತಿಯಂತೆ ಹೆಸರುಗಳು ಕೊನೆಗೆ ಬಂದವು. ಗುರುಬಸವನದು ಒಂದೇ, ದೊಡ್ಡದಾಗಿ, ಪರದೆಯ ನಟ್ಟನಡುವೆ ಬಂತು.

ಓದುಬರಹ ಬಲ್ಲ ನೆರೆಮನೆಯ ಉಮಾಬಾಯಿ ಹಿಂದಿನ ಸಾಲಿನಿಂದ ಬಗ್ಗಿದಳು. “ಬಂಡೆಮ್ಮಾರೆ, ನಿಮ್ಮ ಅಳಿಯನ ಹೆಸರ ಅಲ್ಲೇನ್ರಿ ಅದು?”

ಬಂಡೆಮ್ಮ ಸೆರಗು ಸರಿಮಾಡಿಕೊಂಡು ಎದ್ದಳು.

“ಬ್ಯಾರೆ ಯಾರೋ ಇರಬೇಕು ತಗೀರಿ.”